ದೇವರಾಜ್ ಮಾಸ್ತರರ ಮುಚ್ಚಳಿಕೆ

ಹೊಳೆಹೊನ್ನೂರಿನ ಆಚೆಗಿನ ಒಂದು ಸರ್ಕಾರಿ ಶಾಲೆಯಲ್ಲಿ ಕರಿಯಣ್ಣ ಮಾಸ್ತರರು ಹನ್ನೊಂದು ವರ್ಷ ಮುಖ್ಯ ಶಿಕ್ಷಕರಾಗಿದ್ದರು. ತಮ್ಮ ಕಾಲದಲ್ಲಿ ಯಾರ ಸಂಬಳವೂ ಒಂದು ದಿನ ತಡವಾಗಲಿಲ್ಲ ಎಂಬುದು ಅವರ ದೊಡ್ಡ ಹೆಮ್ಮೆ. ಏಳು ಜನ ಶಿಕ್ಷಕರ ಕಾಗದಪತ್ರಗಳನ್ನು ಒಂದೇ ಕಟ್ಟು ಮಾಡಿ ಇಲಾಖೆಯ ಕಚೇರಿಗೆ ಒಯ್ಯುತ್ತಿದ್ದವರು ಅವರೇ. ಯಾರದಾದರೂ ಸಹಿ ಬಿಟ್ಟುಹೋಗಿದ್ದರೆ ವರಾಂಡದಲ್ಲೇ ನಿಂತು ಅವರ ಸಹಿಯನ್ನೂ ತಾವೇ ಹಾಕಿಬಿಡುತ್ತಿದ್ದರು. ಅದರಲ್ಲಿ ಮುಚ್ಚುಮರೆಯೇನೂ ಇರಲಿಲ್ಲ. ಮರುದಿನ ಆ ಶಿಕ್ಷಕರು ನಗುತ್ತಾ ಟೀ ಕೊಡಿಸುತ್ತಿದ್ದರು.

ಅದೇ ಶಾಲೆಯ ದೇವರಾಜ್ ಮಾಸ್ತರರು ನಿವೃತ್ತಿಗೆ ಎಂಟು ತಿಂಗಳಿರುವಾಗ ಎದೆನೋವು ಬಂದು ತೀರಿಕೊಂಡರು. ಹೆಂಡತಿ ಶಾಮಲಾ ಗ್ರಾಚ್ಯುಟಿ ಹಣಕ್ಕಾಗಿ ಅಲೆದಲೆದು ಸುಸ್ತಾದಳು. ಕೊನೆಗೆ ಬಂದದ್ದು ನೋಟಿಸು. ಇಲಾಖೆಯವರೇ ಸಂಬಳವನ್ನು ತಪ್ಪಾಗಿ ನಿಗದಿ ಮಾಡಿ ಐದು ವರ್ಷ ಹೆಚ್ಚಿಗೆ ಕೊಟ್ಟಿದ್ದರಂತೆ, ಆ ಮೂರು ಲಕ್ಷವನ್ನು ಈಗ ಮುರಿದುಕೊಳ್ಳುತ್ತಾರಂತೆ. ಮನೆ ಸಾಲ ತೀರಿಸಿ ಅವಳ ಕೈಗೆ ಉಳಿಯಬೇಕಿದ್ದದ್ದೇ ಅಷ್ಟು. ಮಗಳು ಸುಪ್ರಿಯಾಳ ನರ್ಸಿಂಗ್ ಓದು ಅದರಲ್ಲೇ ಮುಗಿಯಬೇಕಿತ್ತು.

ಶಿವಮೊಗ್ಗದ ಸವಳಂಗ ರಸ್ತೆಯ ವಕೀಲ ಶಂಕರನಾರಾಯಣರ ಬಳಿಗೆ ಅವಳನ್ನು ಕರೆದುಕೊಂಡು ಹೋದವರು ಕರಿಯಣ್ಣನವರೇ.

"ತಪ್ಪು ಇಲಾಖೆಯದ್ದು. ಮೇಷ್ಟ್ರು ಮೋಸ ಮಾಡಿಲ್ಲ, ವಸೂಲಿ ಸರಿಯಲ್ಲ ಅಂತ ವಾದ ಮಾಡ್ಬಹುದು. ಆದ್ರೆ ಇದೊಂದು ಅಡ್ಡ ಬರ್ತಿದೆ ನೋಡಿ," ಎಂದು ವಕೀಲರು ಒಂದು ಜೆರಾಕ್ಸ್ ಮುಂದಿಟ್ಟರು.

ಹೆಚ್ಚಿಗೆ ಸಂಬಳ ಬಂದರೆ ಮರಳಿಸುತ್ತೇನೆಂದು ಬರೆದುಕೊಟ್ಟ ಮುಚ್ಚಳಿಕೆ ಅದು. ಕೆಳಗೆ ದೇವರಾಜ್ ಹೆಸರಿನ ಸಹಿ. ಕರಿಯಣ್ಣನವರಿಗೆ ಆ ದಿನ ನೆನಪಾಯಿತು. ಅವತ್ತು ಕಾಗದ ಕೊಡಲು ಕೊನೆಯ ದಿನ. ದೇವರಾಜ್ ಚುನಾವಣಾ ತರಬೇತಿಗೆ ಹೋಗಿದ್ದರು. ಒಬ್ಬರದ್ದು ನಿಂತರೆ ಏಳೂ ಜನರದ್ದು ನಿಲ್ಲುತ್ತದೆಂದು ಆ ಸಹಿ ಗೀಚಿದವರು ತಾವೇ. ಮೇಲೆ ಏನು ಬರೆದಿದೆ ಎಂದು ಓದಿಯೂ ಇರಲಿಲ್ಲ.

"ಅವರ ಸೈನ್ ಹೀಗಿರ್ಲಿಲ್ಲ ಅನ್ಸುತ್ತೆ ಸರ್," ಎಂದಳು ಶಾಮಲಾ.

"ಅವರದ್ದಲ್ಲ ಅಂತಾದ್ರೆ ಕೇಸಿಗೆ ಬಲ ಬರುತ್ತೆ," ಎಂದರು ವಕೀಲರು. "ಆದ್ರೆ ಹಾಕಿದವ್ರು ಯಾರು ಅನ್ನೋ ಪ್ರಶ್ನೆ ಏಳುತ್ತೆ. ಪೊಲೀಸ್ ಕೇಸಾಗ್ಬಹುದು, ಹಾಕಿದವ್ರ ಪಿಂಚಣಿಗೂ ಕುತ್ತು. ನೀವು ಹೆಡ್ ಮಾಸ್ಟರ್ ಆಗಿದ್ರಲ್ಲ, ನೋಡಿ ಹೇಳಿ."

ಕರಿಯಣ್ಣನವರು ಕನ್ನಡಕ ಹಾಕಿಕೊಂಡು ನೋಡಿದಂತೆ ನಟಿಸಿದರು. "ಅವರದ್ದೇ ಇರ್ಬೇಕು. ಅವಸರದಲ್ಲಿ ಹಾಕಿದಾರೆ," ಎಂದರು.

"ಸರ್ ಹೇಳಿದ್ಮೇಲೆ ಆಯ್ತು," ಎಂದು ಶಾಮಲಾ ಕಾಗದ ಮಡಚಿಟ್ಟಳು.

ಹೆದರಿದರು, ಅಷ್ಟೆ. ಮನೆಯಲ್ಲಿ ಕಾಯಿಲೆಯ ಹೆಂಡತಿ ಇದ್ದದ್ದು ನಿಜ, ಪಿಂಚಣಿಯೊಂದೇ ಆಧಾರವಾಗಿದ್ದದ್ದೂ ನಿಜ. ಹಾಗಂತ ಆ ಹೆದರಿಕೆಗೆ ಬೇರೆ ಹೆಸರಿಟ್ಟು ಚಂದ ಮಾಡಬೇಕಾಗಿಲ್ಲ.

ಒಂದೂವರೆ ವರ್ಷದ ಮೇಲೆ ತೀರ್ಪು ಬಂತು. ನೌಕರರೇ ಮುಚ್ಚಳಿಕೆ ಕೊಟ್ಟಿರುವುದರಿಂದ ವಸೂಲಿ ಸರಿ ಎಂದು ಅರ್ಜಿ ವಜಾ ಆಯಿತು. ಸುದ್ದಿ ತಿಳಿದು ಕರಿಯಣ್ಣನವರು ಶಿವಮೊಗ್ಗದಿಂದ ಬಸ್ಸು ಹತ್ತಿ ಭದ್ರಾವತಿಯ ಶಾಮಲಾಳ ಮನೆಗೆ ಹೋದರು. ಸುಪ್ರಿಯಾ ಓದು ಬಿಟ್ಟು ಬಟ್ಟೆ ಅಂಗಡಿಗೆ ಸೇರಿ ಆಗಲೇ ನಾಲ್ಕು ತಿಂಗಳಾಗಿತ್ತು. ಶಾಮಲಾ ಕಾಫಿ ತಂದುಕೊಟ್ಟು ಎದುರಿಗೆ ಕೂತಳು.

"ನೀವು ನಮಗೋಸ್ಕರ ಎಷ್ಟು ಓಡಾಡಿದ್ರಿ. ನಿಮ್ಮ ಮೇಲೆ ನಂಗೇನೂ ಇಲ್ಲ ಸರ್, ಸಿಟ್ಟೆಲ್ಲ ಅವರ ಮೇಲೇ. ಮೂವತ್ತು ವರ್ಷ ಸಂಸಾರ ಮಾಡಿ, ಇಂಥದ್ದಕ್ಕೆ ಸೈನ್ ಹಾಕಿದೀನಿ ಅಂತ ಒಂದು ಮಾತು ಹೇಳಲಿಲ್ಲ. ಅಪ್ಪ ನಮ್ಮ ಕುತ್ತಿಗೆ ಕೊಯ್ದು ಹೋದ ಅಂತಾಳೆ ಮಗಳು. ಅವಳ ಬಾಯಿ ಮುಚ್ಸಕ್ಕೆ ನನ್ನ ಹತ್ರ ಉತ್ತರ ಇಲ್ಲ."

"ದೇವರಾಜ್ ಅಂಥವ್ರಲ್ಲಮ್ಮ," ಎಂದರು ಕರಿಯಣ್ಣ.

"ಮತ್ತೆ ಸೈನ್ ಯಾಕೆ ಹಾಕಿದ್ರು ಸರ್?"

ಕರಿಯಣ್ಣನವರು ಲೋಟ ಕೆಳಗಿಟ್ಟು, ಬಸ್ಸಿಗೆ ಹೊತ್ತಾಯಿತು ಎಂದು ಎದ್ದರು.