ಟೋಕಿಯೊದಲ್ಲಿ ಭಾವನ ಶನಿವಾರ

ನಮ್ಮ ಭಾವ, ಅಂದರೆ ನನ್ನ ಅಕ್ಕನ ಗಂಡ, ಚನ್ನರಾಯಪಟ್ಟಣದಲ್ಲಿ ತೆಂಗಿನಕಾಯಿ ಮಂಡಿ ಇಟ್ಟುಕೊಂಡಿದ್ದಾರೆ. ಊಟದ ವಿಷಯದಲ್ಲಿ ಅವರಿಗೆ ತಿಳಿಯದ್ದು ಯಾವುದೂ ಇಲ್ಲ ಎಂಬುದು ಅವರದೇ ಅಭಿಪ್ರಾಯ. ಹೈವೇ ಮೇಲಿನ ಯಾವ ಹೋಟೆಲಿನಲ್ಲಿ ಈ ತಿಂಗಳು ಸಾಂಬಾರು ತೆಳ್ಳಗಾಗಿದೆ, ಹಾಸನದ ಯಾವ ಮಿಲಿಟರಿ ಹೋಟೆಲಿನಲ್ಲಿ ಅಡುಗೆಯವನು ಬದಲಾಗಿದ್ದಾನೆ, ಎಲ್ಲವನ್ನೂ ಒಂದು ತುತ್ತಿನಲ್ಲಿ ಕಂಡುಹಿಡಿಯುತ್ತಾರೆ. ಕಂಡುಹಿಡಿದದ್ದನ್ನು ಮನಸ್ಸಿನಲ್ಲಿಟ್ಟುಕೊಳ್ಳುವ ಅಭ್ಯಾಸವೂ ಇಲ್ಲ. ಅವರ ಕಾರು ಬಂದು ನಿಂತರೆ ಕೆಲವು ಹೋಟೆಲು ಮಾಲೀಕರು ಗಲ್ಲಾಪೆಟ್ಟಿಗೆ ಬಿಟ್ಟು ಒಳಗೆ ಹೋಗಿಬಿಡುತ್ತಾರೆ.

ಇಂಥವರು ಜಪಾನಿಗೆ ಹೋದದ್ದು ಬ್ಯಾಂಕಾಕಿನ ದೆಸೆಯಿಂದ. ಮಂಡಿಯ ಗೆಳೆಯರೆಲ್ಲ ಸೇರಿ ಬ್ಯಾಂಕಾಕಿಗೆ ಹೊರಟಿದ್ದರು. ಭಾವ ವಿಷಯವನ್ನು ಮನೆಯಲ್ಲಿ ಮೆಲ್ಲಗೆ ಹೇಳಿದರು. ಅಕ್ಕ ಒಗ್ಗರಣೆ ಹಾಕುತ್ತಿದ್ದವಳು ತಿರುಗಿಯೂ ನೋಡಲಿಲ್ಲ.

"ಅಲ್ಲಿ ಯಾವ ತೆಂಗಿನಕಾಯಿ ನೋಡಕ್ಕೆ ಓಗ್ತೀರಿ ಅಂತ ನಂಗೂ ಗೊತ್ತು ಕಣ್ರಿ. ಓಗಿ, ಬ್ಯಾಡ ಅನ್ನಕಿಲ್ಲ. ನಾನೂ ಬತ್ತೀನಿ," ಎಂದಳು.

ಅಕ್ಕ ಬರುತ್ತಾಳೆಂದು ತಿಳಿದ ಮೇಲೆ ಗೆಳೆಯರಿಗೆ ಒಬ್ಬೊಬ್ಬರಿಗೂ ಒಂದೊಂದು ಕೆಲಸ ಬಂತು. ಆದರೆ ಭಾವ ಫಾರಿನ್ನಿಗೆ ಹೋಗುತ್ತೇನೆಂದು ಆಗಲೇ ಊರಿಗೆಲ್ಲ ಹೇಳಿಯಾಗಿತ್ತು. ಕೊನೆಗೆ ಗಂಡಹೆಂಡಿರು ಟಿವಿಯಲ್ಲಿ ನೋಡಿದ ಟೋಕಿಯೊ ಊರನ್ನು ಆರಿಸಿಕೊಂಡರು. ಹಾಸನದ ಕಾಲೇಜಿನಲ್ಲಿ ಪಾಠ ಮಾಡಿಕೊಂಡಿರುವ ನನ್ನನ್ನೂ ಕರೆದರು. ಪ್ರೀತಿಯಿಂದಲೇ ಕರೆದರು. ಜೊತೆಗೆ ಇಂಗ್ಲಿಷ್ ಮಾತಾಡಲು ಒಬ್ಬರು ಬೇಕಾಗಿತ್ತು.

ಅಕ್ಕ ಒಂದು ಚೀಲದ ತುಂಬ ಕೋಡುಬಳೆ, ಚಟ್ನಿಪುಡಿ, ಪುಳಿಯೋಗರೆ ಗೊಜ್ಜು, ಹುರಿಹಿಟ್ಟು ತುಂಬಿಕೊಂಡಳು. ಭಾವ ಆ ಚೀಲವನ್ನು ನೋಡಿ ನಕ್ಕರು. "ಓದ ಊರ್ನಾಗೆ ಆ ಊರಿನ ಊಟ ಉಣ್ಬೇಕು ಕಣೆ. ನಾನಂತೂ ಒಂದ್ ಕೋಡುಬಳೇನೂ ಮುಟ್ಟಕಿಲ್ಲ," ಎಂದರು. ಟೋಕಿಯೊಗೆ ಇಳಿದು ಹೋಟೆಲು ಸೇರುವಷ್ಟರಲ್ಲಿ ಕೋಡುಬಳೆ ಮುಗಿದಿತ್ತು. ಅಕ್ಕ ಒಂದೋ ಎರಡೋ ತಿಂದಿರಬೇಕು. ನಾನು ತಿಂದಿರಲಿಲ್ಲ.

ನಾನು ಮೊಬೈಲಿನಲ್ಲಿ ಹುಡುಕಿ ಒಂದು ರಾಮೆನ್ ಟೂರಿಗೆ ಮೂವರ ಹೆಸರು ಹಾಕಿಸಿದ್ದೆ. ರಾಮೆನ್ ಅಂದರೆ ಗಂಟೆಗಟ್ಟಲೆ ಮೂಳೆ ಬೇಯಿಸಿ ತೆಗೆದ ಸಾರಿನಲ್ಲಿ ಗೋಧಿ ಹಿಟ್ಟಿನ ಉದ್ದನೆಯ ಎಳೆಗಳು, ಮೇಲೆ ಮಾಂಸದ ಹೋಳು, ಅರ್ಧ ಮೊಟ್ಟೆ, ಈರುಳ್ಳಿ ಸೊಪ್ಪು. ಒಬ್ಬ ಗೈಡು ನಮ್ಮನ್ನು ಒಂದೇ ಮಧ್ಯಾಹ್ನ ಮೂರು ಅಂಗಡಿಗಳಿಗೆ ಕರೆದುಕೊಂಡು ಹೋಗಿ, ಒಂದೊಂದರಲ್ಲೂ ಚಿಕ್ಕ ಬಟ್ಟಲು ಕೊಡಿಸುವುದು ಏರ್ಪಾಡು.

"ಉಣ್ಣಕ್ಕೂ ಗೈಡಾ?" ಎಂದರು ಭಾವ. "ಬೇಲೂರಾಗೆ ಗುಡಿ ತೋರ್ಸಕ್ಕೆ ಗೈಡ್ ಇರ್ತಾನೆ, ಸರಿ. ನನ್ನ ಬಾಯಿ ಎಲ್ಲೈತೆ ಅಂತ ತೋರ್ಸಕ್ಕೂ ಒಬ್ರು ಬೇಕೇನಮ್ಮಿ?"

ಟೂರಿನ ದಿನ ಬೆಳಗ್ಗೆ ಇನ್ನೊಂದು ತಕರಾರು ಎದ್ದಿತು. ಅಕ್ಕ ಸ್ನಾನ ಮಾಡಿ, ಮೊಬೈಲಿನಲ್ಲಿ ದೇವರ ಫೋಟೊ ತೆರೆದು ಕೈಮುಗಿದು, "ಇವತ್ತು ಶನಿವಾರ ಕಣೆ," ಎಂದಳು. ಅವರ ಮನೆಯಲ್ಲಿ ಶನಿವಾರ ಮಾಂಸವಿಲ್ಲ. ಬುಕ್ ಮಾಡುವಾಗ ನನಗೆ ಅದು ಹೊಳೆದಿರಲೇ ಇಲ್ಲ.

ಭಾವ ಗಡಿಯಾರ ನೋಡಿದರು. "ನಮ್ಮೂರಾಗೆ ಇನ್ನೂ ಒತ್ತೇ ಉಟ್ಟಿಲ್ಲ, ಶುಕ್ರವಾರವೇ ಕಣೆ. ಟೈಮ್ ಯತ್ಯಾಸ ಇಲ್ವಾ?"

"ನಾವು ಉಣ್ಣಕ್ಕೆ ಕೂರೋ ಒತ್ಗೆ ನಮ್ಮೂರಾಗೆ ಬೆಳಗ್ಗೆ ಆಗಿರ್ತದೆ. ಶನಿವಾರವೇ. ನಿಮ್ ಮಂಡಿ ಬಾಗ್ಲು ತಗ್ದಿರ್ತಾರೆ," ಎಂದಳು ಅಕ್ಕ.

ಭಾವ ಗಡಿಯಾರವನ್ನು ಅಂಗಿಯ ತೋಳಿನೊಳಕ್ಕೆ ತಳ್ಳಿದರು. "ಸಮುದ್ರ ದಾಟಿದ್ ಮ್ಯಾಲೆ ವಾರ ಗೀರ ಲೆಕ್ಕಕ್ಕಿಲ್ಲ."

"ಯಾರ್ ಏಳಿದ್ದು?"

"ಇನ್ಯಾರು? ನಾನೇ ಏಳ್ತಿವ್ನಲ್ಲ."

ಹೀಗೆ ಅಕ್ಕನ ಶನಿವಾರ ಉಳಿಯಿತು, ಭಾವನ ಶನಿವಾರ ರದ್ದಾಯಿತು.

ನಮ್ಮ ಗೈಡು ಹೆಚ್ಚುಕಡಿಮೆ ಅಕ್ಕನ ವಯಸ್ಸಿನ ಹೆಂಗಸು. ಸಣ್ಣಗೆ, ಬೆತ್ತದಂತಿದ್ದರು. ಕೈಯಲ್ಲಿ ಒಂದು ಪುಟ್ಟ ಹಳದಿ ಬಾವುಟ. ಇದ್ದವರು ನಾವು ಮೂವರೇ ಆದರೂ, ಮೂವತ್ತು ಜನರ ಮೆರವಣಿಗೆ ಹಿಂದಿದೆಯೇನೋ ಎಂಬಂತೆ ಅದನ್ನು ಎತ್ತಿ ಹಿಡಿದು ಬಿರಬಿರನೆ ನಡೆಯುತ್ತಿದ್ದರು. ಅಕ್ಕನ ಶನಿವಾರದ ಸಂಗತಿಯನ್ನು ನಾನು ಇಂಗ್ಲಿಷಿನಲ್ಲಿ ಹೇಳಿದಾಗ ಅವರು ಗಂಭೀರವಾಗಿ ಕೇಳಿಸಿಕೊಂಡರು. ಮೂರನೆಯ ಅಂಗಡಿಯಲ್ಲಿ ಬರೀ ತರಕಾರಿಯ ಸಾರು ಮಾಡಿಸಬಹುದು, ಮೊದಲ ಎರಡರಲ್ಲಿ ಆಗದು ಎಂದರು. ಆದರೆ ಒಳಗೆ ಕೂತವರೆಲ್ಲ ಒಂದೊಂದು ಬಟ್ಟಲು ತೆಗೆದುಕೊಳ್ಳಲೇಬೇಕಂತೆ. ಅದು ಅಂಗಡಿಗಳ ರೂಢಿ.

"ಅವ್ಳ ಪಾಲಿಂದೂ ನಾನೇ ನೋಡ್ಕತೀನಿ. ಏಳಮ್ಮಿ ಅವ್ರಿಗೆ," ಎಂದರು ಭಾವ, ದೊಡ್ಡ ಉಪಕಾರ ಮಾಡುವವರಂತೆ.

ಮೊದಲ ಅಂಗಡಿ ನಮ್ಮ ಬಸ್‌ ಸ್ಟ್ಯಾಂಡಿನ ಬೀಡಾ ಅಂಗಡಿಗಿಂತ ಸ್ವಲ್ಪ ದೊಡ್ಡದಿತ್ತು, ಅಷ್ಟೆ. ಉದ್ದಕ್ಕೆ ಒಂದು ಕಟ್ಟೆ, ಅದರ ಮುಂದೆ ಸಾಲಾಗಿ ಎತ್ತರದ ಸ್ಟೂಲುಗಳು. ಆ ಸ್ಟೂಲನ್ನು ಮಾಡಿದವರ ಮನಸ್ಸಿನಲ್ಲಿ ನಮ್ಮ ಭಾವ ಇರಲಿಲ್ಲ. ಅವರು ಕಟ್ಟೆಯನ್ನು ಹಿಡಿದು, ನನ್ನ ಹೆಗಲನ್ನು ಹಿಡಿದು, ಕೊನೆಗೆ ಹತ್ತಿ ಕೂತರು. ಕಟ್ಟೆಯಾಚೆ ಅಡುಗೆಯವನು ತಲೆಗೆ ಬಟ್ಟೆ ಕಟ್ಟಿಕೊಂಡು ಮಾತಿಲ್ಲದೆ ಕೆಲಸ ಮಾಡುತ್ತಿದ್ದ. ಭಾವ ಅಭ್ಯಾಸಬಲದಿಂದ, "ಏನಪ್ಪಾ, ಎಂಗೈತೆ ಯಾಪಾರ?" ಎಂದು ಕನ್ನಡದಲ್ಲೇ ಕೇಳಿದರು. ಸಾಲಿನಲ್ಲಿದ್ದವರೆಲ್ಲ ಒಮ್ಮೆ ತಲೆಯೆತ್ತಿ ನೋಡಿ ಮತ್ತೆ ಬಟ್ಟಲಿಗೆ ಬಗ್ಗಿದರು. ಇಲ್ಲಿ ಊಟದ ಹೊತ್ತಿನಲ್ಲಿ ಹೆಚ್ಚು ಮಾತಾಡುವುದಿಲ್ಲ ಎಂದು ಗೈಡು ಮೆಲ್ಲಗೆ ಹೇಳಿದರು. ಮಾತಿಲ್ಲದೆ ಉಣ್ಣುವುದು ಭಾವನಿಗೆ ಅದೇ ಮೊದಲು.

ಬಟ್ಟಲುಗಳು ಬಂದವು. ಸಾರು ಹಾಲಿನಂತೆ ಬೆಳ್ಳಗಿತ್ತು. ಹಂದಿ ಮೂಳೆಯ ಸಾರು, ಮೇಲಿರುವುದೂ ಹಂದಿ ಮಾಂಸವೇ ಎಂದು ಗೈಡು ವಿವರಿಸಿದರು. ಎಳೆಗಳನ್ನು ಕಡ್ಡಿಯಲ್ಲಿ ಎತ್ತಿ, ಸೊರ್ ಎಂದು ಸದ್ದು ಮಾಡಿಕೊಂಡೇ ಎಳೆದುಕೊಳ್ಳಬೇಕು, ಆಗಲೇ ರುಚಿ, ಮಾಡಿದವರಿಗೂ ಅದೇ ಮರ್ಯಾದೆ ಎಂದರು.

ನಾನು ಅದನ್ನು ಕನ್ನಡಕ್ಕೆ ಹೇಳಿದೆ. ಭಾವ ನನ್ನ ಕಡೆ ನೋಡದೆ ನೇರ ಅಕ್ಕನ ಕಡೆ ನೋಡಿದರು. ಮದುವೆಯಾದಂದಿನಿಂದ ಅಕ್ಕ ಅವರಿಗೆ ಹೇಳಿಕೊಂಡು ಬಂದಿರುವ ಮಾತೊಂದೇ: ಎಮ್ಮೆ ಕಲಗಚ್ಚು ಕುಡ್ದಂಗೆ ಸದ್ದು ಮಾಡ್ಬ್ಯಾಡಿ. ಭಾವ ಕಡ್ಡಿಗಳನ್ನು ಪಕ್ಕಕ್ಕಿಟ್ಟು, ಅಲ್ಲೇ ಇದ್ದ ಫೋರ್ಕು ಎತ್ತಿಕೊಂಡು, ಇಷ್ಟು ವರ್ಷ ತಡೆದಿಟ್ಟಿದ್ದನ್ನೆಲ್ಲ ಸೇರಿಸಿ ಒಂದು ಸಲ ಎಳೆದರು. ಅಡುಗೆಯವನು ತಿರುಗಿ ನೋಡಿ ತಲೆದೂಗಿದ. ಗೈಡು ಎರಡೂ ಕೈಯಲ್ಲಿ ಮೆಲ್ಲಗೆ ಚಪ್ಪಾಳೆ ತಟ್ಟಿದರು.

"ನೋಡ್ದಾ?" ಎಂದರು ಭಾವ ಅಕ್ಕನಿಗೆ. "ಇಂಥ ಊರ್ನಾಗೆ ಉಟ್ಬೇಕಾಗಿತ್ತು ನಾನು."

ಆ ಸಂತೋಷದಲ್ಲಿ ಬಾಯಿ ಜಾರಿತು. ಮಾಂಸದ ಹೋಳನ್ನು ಅಗಿಯುತ್ತಾ, "ಚೆನ್ನಾಗೈತೆ. ಆದ್ರೆ ಕೊಣನೂರಿನ್ ಅಂದಿ ಮಾಂಸದ ಮುಂದೆ ಇದು ಏನೂ ಅಲ್ಲ," ಎಂದರು.

ಅಕ್ಕನ ಮನೆಯಲ್ಲಿ ಹಂದಿ ಮಾಂಸ ಒಳಗೆ ಬಂದದ್ದಿಲ್ಲ. ಕೊಣನೂರಿನಲ್ಲಿ ಭಾವನ ಸೋದರತ್ತೆಯ ಮನೆಯಿದೆ. ಅತ್ತೆಯ ಆರೋಗ್ಯ ವಿಚಾರಿಸಲು ಭಾವ ಆಗಾಗ ಹೋಗಿಬರುತ್ತಿದ್ದರು.

"ಅತ್ತೆಗೆ ಉಸಾರಿಲ್ಲ, ಉಸಾರಿಲ್ಲ ಅಂತ ಓಗ್ತಿದ್ದದ್ದು ಇದ್ಕಾ?" ಎಂದಳು ಅಕ್ಕ.

ಭಾವ ಬಟ್ಟಲಿಗೆ ಬಗ್ಗಿದರು. ಆಗ ಮಾತಾಡಬಾರದೆಂಬ ರೂಢಿ ಅವರಿಗೆ ಬಹಳ ಹಿಡಿಸಿದಂತೆ ಕಂಡಿತು. ಅಕ್ಕ ತನ್ನ ಬಟ್ಟಲನ್ನೂ ಮೆಲ್ಲಗೆ ಅವರ ಮುಂದಕ್ಕೆ ತಳ್ಳಿದಳು. ಗೈಡಿಗೆ ಕನ್ನಡ ಬರದಿದ್ದರೂ ಏನಾಯಿತೆಂದು ಪೂರ್ತಿ ಅರ್ಥವಾದಂತಿತ್ತು. ಅಕ್ಕನಿಗೆ ಒಂದು ಲೋಟ ತಣ್ಣೀರು ಕೊಟ್ಟು ಬೆನ್ನು ತಟ್ಟಿದರು.

ಎರಡನೆಯ ಅಂಗಡಿಯದು ಕೋಳಿ ಮತ್ತು ಒಣಮೀನಿನ ಸಾರು. ಅಲ್ಲೂ ಭಾವನಿಗೆ ಎರಡು ಬಟ್ಟಲು. ಮೊದಲನೆಯದನ್ನು ಹುರುಪಿನಿಂದ ಉಂಡರು. ಎರಡನೆಯದರ ಅರ್ಧಕ್ಕೆ ಬೆಲ್ಟು ಒಂದು ತೂತು ಸಡಿಲವಾಯಿತು. ಉಳಿಸಿದರೆ ಅಡುಗೆಯವರು ನೊಂದುಕೊಳ್ಳುತ್ತಾರೆಯೇ ಎಂದು ಕೇಳಲು ನನಗೆ ಹೇಳಿದರು. ನಾನು ಕೇಳಿದೆ. ಸ್ವಲ್ಪ ಉಳಿಸಿದರೆ ಚಿಂತೆಯಿಲ್ಲ ಎಂದರು ಗೈಡು. "ನೊಂದ್ಕತಾರಂತೆ," ಎಂದು ನಾನು ಕನ್ನಡದಲ್ಲಿ ಹೇಳಿದೆ. ಕೋಡುಬಳೆಯ ಸಿಟ್ಟು ನನಗಿನ್ನೂ ಇತ್ತು. ಭಾವ ಕಣ್ಣು ಮುಚ್ಚಿಕೊಂಡು ಮುಗಿಸಿದರು.

ಮೂರನೆಯ ಅಂಗಡಿಗೆ ನಡೆಯುವಾಗ ಬಾವುಟದ ಹಿಂದೆ ಗೈಡು, ಅವರ ಪಕ್ಕದಲ್ಲಿ ಅಕ್ಕ, ಆಮೇಲೆ ನಾನು, ಬಹಳ ಹಿಂದೆ ಭಾವ. ಅಕ್ಕ ಕನ್ನಡದಲ್ಲಿ ಏನೋ ಹೇಳುತ್ತಿದ್ದಳು, ಅವರು ಜಪಾನಿ ಮಾತಿನಲ್ಲಿ ಉತ್ತರ ಕೊಡುತ್ತಿದ್ದರು. ನಡುನಡುವೆ ಇಬ್ಬರೂ ಹಿಂತಿರುಗಿ ಭಾವನನ್ನು ನೋಡಿ ನಗುತ್ತಿದ್ದರು. ನನ್ನ ಇಂಗ್ಲಿಷಿನ ಅಗತ್ಯವೇ ಬೀಳಲಿಲ್ಲ.

ಈ ಅಂಗಡಿಯನ್ನು ನಡೆಸುತ್ತಿದ್ದವಳೂ ಹೆಂಗಸೇ. ಎಳ್ಳು ಅರೆದು ಹಾಕಿ, ಅಣಬೆ, ಎಲೆಕೋಸು, ಜೋಳದ ಕಾಳು ಸೇರಿಸಿ ಅಕ್ಕನಿಗೆಂದೇ ಒಂದು ಬಟ್ಟಲು ಮಾಡಿದಳು. ಅದನ್ನು ಎರಡೂ ಕೈಯಲ್ಲಿ ಹಿಡಿದು, ತಲೆ ಬಾಗಿಸಿ ಅಕ್ಕನ ಮುಂದೆ ಇಟ್ಟಳು. ಅಕ್ಕ ಗಡಬಡಿಸಿ ಸ್ಟೂಲಿನಿಂದ ಇಳಿದು ನಿಂತುಬಿಟ್ಟಳು.

"ಯಾಕೆ ಎದ್ದೆ? ಕೂತ್ಕಳೆ," ಎಂದೆ.

"ಬಡ್ಸಿದ್ ತಕ್ಷಣ ಉಣ್ಣಕ್ಕೆ ಎಂಗೋ ಆಯ್ತದೆ ಕಣೆ," ಎಂದಳು. "ಮನೇಲಿ ಎಲ್ರದೂ ಆದ್ಮೇಲಲ್ವಾ ನಾನು ಕೂರದು. ಇಷ್ಟು ಬಿಸಿ ಬಿಸಿದು ನಾನು ಯಾವಾಗ್ ಉಂಡಿದ್ದೆ?"

ದೂರು ಹೇಳುವ ದನಿ ಅಲ್ಲವೇ ಅಲ್ಲ. ಹೊಸದೊಂದು ಸಂಗತಿ ಗೊತ್ತಾದವರ ದನಿ. ಭಾವ ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡು ಕೂತಿದ್ದವರು ಆ ಕಡೆ ನೋಡಿದರು. ಅಕ್ಕನ ಸ್ಟೂಲನ್ನು ಒಂದು ಕೈಯಲ್ಲಿ ಅಲ್ಲಾಡದಂತೆ ಹಿಡಿದುಕೊಂಡರು. ಅವಳು ಮತ್ತೆ ಹತ್ತಿ ಕೂತಳು.

ಅಕ್ಕ ಮೊದಲು ಒಂದು ಚಮಚ ಸಾರು ಕುಡಿದಳು. ಆಮೇಲೆ ಎಳೆಗಳನ್ನು ಎತ್ತಿ ಸದ್ದಿಲ್ಲದೆ ಒಂದು ತುತ್ತು ತಿಂದಳು. ಅಂಗಡಿಯವಳ ಮುಖ ಸಣ್ಣದಾಯಿತು. ಸೇರಲಿಲ್ಲವೇ ಎಂದು ಅವಳು ಕೇಳುತ್ತಿದ್ದಾಳೆ ಎಂದರು ಗೈಡು. ನಾನು ಹೇಳಿದ್ದೇ ತಡ, ಅಕ್ಕ ಸೆರಗು ಸೊಂಟಕ್ಕೆ ಸಿಕ್ಕಿಸಿ, ಬಟ್ಟಲಿಗೆ ಬಗ್ಗಿ ಎಳೆದಳು ನೋಡಿ! ಭಾವನ ಮೊದಲ ಅಂಗಡಿಯ ಸಾಧನೆ ಅದರ ಮುಂದೆ ಏನೂ ಅಲ್ಲ. ಅಂಗಡಿಯವಳು ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು. ಗೈಡು ಬಾವುಟವನ್ನೇ ಆಡಿಸಿದರು. ಅಕ್ಕ ತಳ ಕಾಣುವವರೆಗೆ ನಿಲ್ಲಿಸಲಿಲ್ಲ.

ಭಾವನ ಬಟ್ಟಲು ಹಾಗೇ ಇತ್ತು. "ನಿಮ್ಮದು?" ಎಂದೆ. "ಇವತ್ತು ಶನಿವಾರ ಅಲ್ವೇನಮ್ಮಿ," ಎಂದರು.

ಊರಿಗೆ ಬಂದ ಮೇಲೆ ಮಂಡಿಯಲ್ಲಿ ಈ ಕಥೆ ದಿನದಿನಕ್ಕೂ ಬೆಳೆಯಿತು. ಬಟ್ಟಲುಗಳು ಹೆಚ್ಚಾದವು, ಅಡುಗೆಯವನು ಬಂದು ಭಾವನ ಕೈಕುಲುಕಿದ. ಒಂದು ಭಾನುವಾರ ನನಗೆ ಫೋನು ಬಂತು: "ಬಾರಮ್ಮಿ, ರಾಮೆನ್ ಮಾಡ್ತೀನಿ."

ಹೋಗಿ ನೋಡಿದರೆ ಅಡುಗೆಮನೆಯ ಕಟ್ಟೆಯ ಈಚೆಗೆ ಮೂರು ಕುರ್ಚಿಗಳು ಸಾಲಾಗಿದ್ದವು. ಒಂದರಲ್ಲಿ ಕೊಣನೂರಿನ ಸೋದರತ್ತೆ, ಇನ್ನೊಂದರಲ್ಲಿ ಅಕ್ಕ. ಏಳಲು ಹೋದಾಗಲೆಲ್ಲ ಭಾವ ಅವಳನ್ನು ಗದರಿ ಕೂರಿಸುತ್ತಿದ್ದರು. ತಾವು ತಲೆಗೆ ಟವೆಲು ಕಟ್ಟಿಕೊಂಡು, ಬೇಯಿಸಿದ ಅಕ್ಕಿ ಹಿಟ್ಟಿನ ಉಂಡೆಗಳನ್ನು ಶಾವಿಗೆ ಒರಳಿಗೆ ಹಾಕಿ, ಬೆವರು ಸುರಿಸುತ್ತ ಒತ್ತುತ್ತಿದ್ದರು. ಒಲೆಯ ಮೇಲೆ ನಾಟಿಕೋಳಿ ಸಾರು ಕುದಿಯುತ್ತಿತ್ತು. ಮೊದಲ ಬಟ್ಟಲನ್ನು ಎರಡೂ ಕೈಯಲ್ಲಿ ತಂದು ಅಕ್ಕನ ಮುಂದೆ ಇಟ್ಟರು.

ಅತ್ತೆ ತಮ್ಮ ಬಟ್ಟಲನ್ನು ಬಗ್ಗಿ ನೋಡಿದರು. "ಇದು ಕೋಳಿ ಸಾರೂ ಒತ್ತು ಶ್ಯಾವ್ಗೇನೂ ಅಲ್ವೇನ್ಲಾ? ಇದ್ನ ಕಲ್ಯಕ್ಕೆ ಇಮಾನ ಅತ್ಬೇಕಾಗಿತ್ತಾ?"

"ನಿಂಗ್ ಗೊತ್ತಾಗಕಿಲ್ಲ ಸುಮ್ಕಿರತ್ತೆ," ಎಂದರು ಭಾವ.

"ನಿಮ್ ಆರೋಗ್ಯ ಎಂಗೈತೆ ಅತ್ತೆ?" ಎಂದಳು ಅಕ್ಕ, ಗಂಡನನ್ನೇ ನೋಡುತ್ತ.

"ನಂಗೇನಾಗೈತೆ? ಕಲ್ ಇದ್ದಂಗಿವ್ನಿ."

ಶಾವಿಗೆ ಅಲ್ಲಲ್ಲಿ ಗಂಟುಗಂಟಾಗಿತ್ತು, ಸಾರಿಗೆ ಖಾರ ಹೆಚ್ಚಾಗಿತ್ತು. ಅಕ್ಕ ಎರಡು ಸಲ ಹಾಕಿಸಿಕೊಂಡಳು. ಉಂಡಾದ ಮೇಲೆ ಕಟ್ಟೆಯಾಚೆ ಇಣುಕಿ ಅಡುಗೆಮನೆಯ ಸ್ಥಿತಿ ನೋಡಿದಳು. ಗೋಡೆಯ ಮೇಲೂ ಹಿಟ್ಟಿತ್ತು.

ಸಂಜೆ ಅತ್ತೆಯನ್ನು ಬಸ್ಸು ಹತ್ತಿಸಿ ನಾನು ವಾಪಸು ಬಂದಾಗ ಭಾವ ಹಿತ್ತಲಲ್ಲಿ ಕೂತು, ಶಾವಿಗೆ ಒರಳಿನ ತೂತುಗಳಲ್ಲಿ ಒಣಗಿದ ಹಿಟ್ಟನ್ನು ತೆಂಗಿನಕಡ್ಡಿಯಿಂದ ಕೆದಕುತ್ತಿದ್ದರು. ಅಕ್ಕ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು, ಯಾವ ತೂತು ಬಿಟ್ಟುಹೋಗಿದೆ ಎಂದು ಬೆರಳಿಟ್ಟು ತೋರಿಸುತ್ತಿದ್ದಳು.