ಅಕ್ಕನ ಜಡೆಗೆ ಉಳಿದ ಹೂವಿನ ಲೆಕ್ಕ

ಮತ್ತಿಕೆರೆಯ ಛತ್ರದಲ್ಲಿ ಅಕ್ಕನ ಮದುವೆ. ತಂದಿದ್ದ ಮಲ್ಲಿಗೆ ನಾಲ್ಕೂವರೆ ಮೊಳ. ಅತ್ತೆ, ಚಿಕ್ಕಮ್ಮಂದಿರು ಎಂಟು ಜನ ತಲಾ ಮೂರನೇ ಒಂದು ಮೊಳ ಮುಡಿದರು. ಅಲ್ಲಿಗೆ ಎರಡು ಮೊಳ, ಮೇಲೆ ಮೂರನೇ ಎರಡು ಭಾಗ ಖರ್ಚು. ಅಕ್ಕನ ಜಡೆಗೆ ಎರಡು ಮೊಳ ಬೇಕಿತ್ತು. ನಾನು ಚೀಟಿಯಲ್ಲಿ ಕಳೆದು, "ಎರಡರ ಮೇಲೇ ಉಳಿದಿದೆ" ಎಂದೆ.

ಗಣಿತದ ಟೀಚರಾದ ಅಕ್ಕ ಚೀಟಿ ನೋಡಿ ನಕ್ಕಳು. "ಅರ್ಧದಲ್ಲಿ ಮೂರನೇ ಎರಡು ಹೋಗಲ್ಲ ಅಂತ ಉಲ್ಟಾ ಕಳೆದಿದ್ಯಲ್ಲೇ! ಎರಡನ್ನೂ ಆರನೇ ಭಾಗ ಮಾಡ್ಕೊ. ಸಾಲ್ದಿದ್ರೆ ನಾಲ್ಕರಲ್ಲಿ ಒಂದನ್ನ ಒಡಿ."

ಒಡೆದೆ. ಉಳಿದದ್ದು ಒಂದು ಮೊಳ, ಆರನೇ ಐದು ಭಾಗ. ಆರನೇ ಒಂದು ಭಾಗ ಕೊರತೆ.

"ನನ್ದು ತಗೊಳ್ರೇ!" "ಇಲ್ಲ, ನನ್ದು!" ಎಂಟೂ ಜನ ಮುಡಿದದ್ದರಲ್ಲಿ ಅರ್ಧರ್ಧ ಕಿತ್ತುಕೊಟ್ಟರು. ಜಡೆಯ ಹೂ ಮೂರು ಮೊಳ ದಾಟಿತು. ಅಕ್ಕ ತಲೆಭಾರವನ್ನೂ ನಗುವನ್ನೂ ತಡೆಯಲಾರದೆ ಮಂಟಪ ಹತ್ತಿದಳು.