ಕೊನೆಯ ಬಸ್ಸು ಮತ್ತು ಯಮನಮ್ಮನ ಅರ್ಧ ಪಿಚ್ಚರುಗಳು

ಹಿರೇಕೊಟ್ನೆಕಲ್ಲಿನ ಯಮನಮ್ಮ ನೋಡಿದಷ್ಟು ಸಿನಿಮಾಗಳನ್ನು ಮಾನ್ವಿ ತಾಲ್ಲೂಕಿನಲ್ಲಿ ಇನ್ನೊಬ್ಬ ಹೆಂಗಸು ನೋಡಿರಲಿಕ್ಕಿಲ್ಲ, ಆದರೆ ಅವುಗಳಲ್ಲಿ ಒಂದರ ಕೊನೆಯನ್ನೂ ಆಕೆ ಕಂಡವಳಲ್ಲ!

ತಪ್ಪು ಆಕೆಯದಲ್ಲ, ಬಸ್ಸಿನದು. ಮಾನ್ವಿಯ ಸುಂಕಪ್ಪನ ಟೂರಿಂಗ್ ಟಾಕೀಸ್ ಅಂದರೆ ಒಂದು ದೊಡ್ಡ ಡೇರೆ. ಕತ್ತಲಾಗದೆ ಪರದೆ ಮೇಲೆ ಏನೂ ಕಾಣುತ್ತಿರಲಿಲ್ಲ, ಹಾಗಾಗಿ ಮೊದಲ ಆಟ ಶುರುವಾಗುವುದೇ ಹೊತ್ತು ಮುಳುಗಿದ ಮೇಲೆ. ಹಿರೇಕೊಟ್ನೆಕಲ್ಲಿಗೆ ಕೊನೆಯ ಬಸ್ಸು ಎಂಟೂಕಾಲಿಗೆ. ಡ್ರೈವರ್ ವೆಂಕೋಬ ಒಳ್ಳೆಯ ಮನುಷ್ಯ. ಎಂಟಕ್ಕೆ ಸರಿಯಾಗಿ ಡೇರೆಯ ಮುಂದೆ ಬಸ್ಸು ತಂದು ನಿಲ್ಲಿಸಿ ಉದ್ದನೆಯ ಹಾರನ್ ಹೊಡೆಯುತ್ತಿದ್ದ. ಹಾರನ್ ಬಿದ್ದ ಕೂಡಲೇ ಅರ್ಧ ಡೇರೆ ಎದ್ದು ನಿಲ್ಲುತ್ತಿತ್ತು, ಕೂತವರಿಗೆ ಪರದೆ ಕಾಣದೆ ಬೈಗುಳದ ಮಳೆಯಾಗುತ್ತಿತ್ತು. ಈ ಜಗಳ ನೋಡಿ ನೋಡಿ ಸಾಕಾದ ಸುಂಕಪ್ಪ ಒಂದು ಪದ್ಧತಿಯನ್ನೇ ಮಾಡಿಬಿಟ್ಟ. ಕತೆಯಲ್ಲಿ ಇಂಟರ್ವಲ್ ಎಲ್ಲಿಯಾದರೂ ಇರಲಿ, ಅವನ ಡೇರೆಯಲ್ಲಿ ಮಾತ್ರ ವೆಂಕೋಬನ ಹಾರನ್ ಕೇಳಿದಾಗಲೇ ಇಂಟರ್ವಲ್. ಆಪರೇಟರ್ ಖಾಜಾನ ಕೈ ಆ ಹಾರನ್‌ಗೆ ಎಷ್ಟು ಪಳಗಿತ್ತೆಂದರೆ, ಹೀರೋ ಎತ್ತಿದ ಕೈ ಎತ್ತಿದಂತೆಯೇ ಇರುವಾಗ ರೀಲು ನಿಂತು ಲೈಟು ಹತ್ತುತ್ತಿತ್ತು. ವಿಲನ್‌ಗೆ ಏಟು ಬಿತ್ತೋ ಇಲ್ಲವೋ? ಹಿರೇಕೊಟ್ನೆಕಲ್ಲಿನವರಿಗೆ ದೇವರಾಣೆ ಗೊತ್ತಿಲ್ಲ!

ಯಮನಮ್ಮ ಮಾತ್ರ ಅಷ್ಟಕ್ಕೇ ಬಿಡುವವಳಲ್ಲ. ಆಕೆಗೆ ಹತ್ತು ವರ್ಷವಿದ್ದಾಗಲೇ ಅಪ್ಪ ತೀರಿಕೊಂಡು, ಅವ್ವನ ಜೊತೆ ಹೊಲದ ಕೂಲಿಗೆ ಇಳಿದವಳು. ಕಾಲುವೆ ನೀರು ಬಂದು ಭತ್ತ ಶುರುವಾದ ಮೇಲಂತೂ ನಾಟಿ ಹಚ್ಚುವುದರಲ್ಲಿ ಆಕೆಯ ಕೈಗೆ ಸರಿಗಟ್ಟುವವರಿರಲಿಲ್ಲ. ಗಂಡ ಹಮಾಲಿ, ಮನೆಯಲ್ಲಿ ಮೂರು ಮಕ್ಕಳು, ಒಂದು ಎಮ್ಮೆ, ಎಮ್ಮೆಗಿಂತ ಜೋರಾಗಿ ಕೂಗುವ ಅತ್ತೆ. ಸಂತೆಯ ದಿನದ ಸಿನಿಮಾ ಒಂದೇ ಆಕೆಯ ಚೈನಿ. ಮರುದಿನ ಕೆಸರಲ್ಲಿ ಬಗ್ಗಿ ನಾಟಿ ಹಚ್ಚುತ್ತ ಆ ಸಿನಿಮಾ ಹೇಳುವುದು. ಮಧ್ಯಾಹ್ನದ ರೊಟ್ಟಿಯವರೆಗೆ ನೋಡಿದ್ದು, ರೊಟ್ಟಿಯಾದ ಮೇಲೆ ಸ್ವಂತದ್ದು. ಆಕೆಯ ಸಿನಿಮಾಗಳಲ್ಲಿ ಸತ್ತ ತಾಯಿ ಸಾಯದೆ ವಾಪಸ್ಸು ಬರುತ್ತಿದ್ದಳು, ಸಾಹುಕಾರ ಕೆಸರಲ್ಲಿ ಬೀಳುತ್ತಿದ್ದ, ಒಂದು ಸಲವಂತೂ ಪೊಲೀಸರು ಜೀಪಿನ ಬದಲು ಎಮ್ಮೆ ಮೇಲೆ ಬಂದಿದ್ದರು. ಹೆಂಗಸರು ನಕ್ಕೂ ನಕ್ಕೂ ಸಸಿ ಸೊಟ್ಟ ನೆಡುತ್ತಿದ್ದರು. ಮೇಸ್ತ್ರಿ ವಿರೂಪಣ್ಣ ಬದುವಿನ ಮೇಲಿಂದ ಬೈಯುತ್ತಲೇ, ಕತೆ ಕೇಳಿಸುವಷ್ಟು ಹತ್ತಿರ ಬಂದು ನಿಲ್ಲುತ್ತಿದ್ದ.

ಎಲ್ಲ ಚೆನ್ನಾಗಿಯೇ ನಡೆದಿತ್ತು, ರಾಯಚೂರಿನ ಪಾರ್ವತೆಮ್ಮ ಇನ್ನೊಂದು ಮನೆಯ ಸೊಸೆಯಾಗಿ ಈ ಊರಿಗೆ ಬರುವ ತನಕ. ಎಂಬತ್ತೆರಡನೇ ಇಸವಿಯ ಸುಮಾರು. ತವರಿನ ಓಣಿ ದಾಟಿದರೆ ಥಿಯೇಟರು, ಅದೂ ಕಲ್ಲುಗೋಡೆಯದ್ದು, ಫ್ಯಾನು ಇದ್ದದ್ದು! ನಾಟಿಗೆ ಬಂದ ಮೊದಲ ದಿನ ಸುಮ್ಮನೆ ಕೇಳಿದಳು, ಎರಡನೇ ದಿನವೂ ಸುಮ್ಮನೆ ಕೇಳಿದಳು. ಮೂರನೇ ದಿನ ಯಮನಮ್ಮ ಹೀರೋನ ತಂಗಿಯ ಮದುವೆಯನ್ನು ಇನ್‌ಸ್ಪೆಕ್ಟರ್ ಜೊತೆ ಮಾಡಿಸುತ್ತಿದ್ದಾಗ ಪಾರ್ವತೆಮ್ಮನಿಗೆ ತಡೆಯಲಾಗಲಿಲ್ಲ. ಊರಿನ ಹಿರಿಯ ಹೆಂಗಸರೆಲ್ಲ ಆಕೆಗೆ 'ಅತ್ತಿ'ಯೇ.

"ಅತ್ತಿ, ತಪ್ಪ ತಿಳಕೋಬ್ಯಾಡ್ರಿ. ಆ ತಂಗಿ ಸಾಯ್ತಾಳ್ರಿ. ನಾ ರಾಯಚೂರಾಗ ನೋಡೀನಿ."

"ಯಾವಾಗ ಸಾಯ್ತಾಳ?"

"ಇಂಟರ್ವಲ್ ಆದ ಮ್ಯಾಲ್ರಿ."

ಬಗ್ಗಿದವರೆಲ್ಲ ಎದ್ದು ನಿಂತರು. ಆಮೇಲೆ ಅಯ್ಯಮ್ಮ, ಯಮನಮ್ಮನ ಪಕ್ಕದ ಮನೆಯಾಕೆ, ಸಸಿಕಟ್ಟು ಕೆಳಗೆ ಹಾಕಿ ಹೊಟ್ಟೆ ಹಿಡಿದುಕೊಂಡು ನಕ್ಕಳು. "ಯವ್ವಾ! ಅಂದ್ರ ಇಷ್ಟು ವರ್ಷ ಈಕಿ ನಮಗ ಸುಳ್ಳು ನಾಟಿ ಹಚ್ಯಾಳ!"

ಅವತ್ತಿನಿಂದ ಯಮನಮ್ಮ ಬಾಯಿ ತೆಗೆದರೆ ಸಾಕು, ಯಾರಾದರೊಬ್ಬರು "ಇದು ನೋಡಿದ್ದೋ, ಮಾಡಿದ್ದೋ?" ಎಂದು ಕೇಳತೊಡಗಿದರು. ಕತೆ ನಿಂತಿತು. ಗದ್ದೆಯಲ್ಲಿ ಕೆಸರಿನ ಪಚಪಚ ಸದ್ದು ಬಿಟ್ಟರೆ ಬೇರೆ ಸದ್ದಿಲ್ಲ. ಒಂದು ದಿನ ಆಕೆ ಸೊಂಟದ ಮೇಲೆ ಕೈಯಿಟ್ಟು ನೆಟ್ಟಗೆ ನಿಂತಳು.

"ಒಂದ ಒಂದು ಪಿಚ್ಚರ ಪೂರಾ ನೋಡ್ತೀನಿ. ನೋಡಿದ್ದು ನೋಡಿದಂಗ ಹೇಳ್ತೀನಿ. ಒಂದು ಮಾತು ಹೆಚ್ಚಿಗಿ ಹೇಳಿದ್ನೆಂದ್ರ ಈ ಗದ್ದಿಯಾಗ ಮತ್ತ ನಾ ಕತಿ ಹೇಳಂಗಿಲ್ಲ!"

"ನಾನೂ ಬರ್ತೀನ್ರಿ ಅತ್ತಿ," ಅಂದಳು ಪಾರ್ವತೆಮ್ಮ ಮೆಲ್ಲಗೆ. "ಸಾಕ್ಷಿ ಬೇಕಲ್ರಿ."

ಯಮನಮ್ಮ ಹೇಳುವುದೇನೋ ಹೇಳಿದಳು. ನೋಡುವುದೆಲ್ಲಿ? ದೇವದುರ್ಗದಲ್ಲಿ ಯಮನಮ್ಮನ ತಂಗಿಯ ಮನೆಯಿದೆ, ಅಲ್ಲಿ ಉಳಿದು ನೋಡಿದರಾಯಿತು ಎಂದು ಇಬ್ಬರೂ ಹೊರಟರು. ಅಲ್ಲಿನ ಡೇರೆಯಲ್ಲಿ ಇಂಟರ್ವಲ್ ದಾಟಿತು, ಯಮನಮ್ಮ ಖುಷಿಯಿಂದ ಪಾರ್ವತೆಮ್ಮನ ತೊಡೆ ಚಿವುಟಿದ್ದೇ ಚಿವುಟಿದ್ದು. ಹೀರೋ ಕಳೆದುಹೋದ ಅಣ್ಣನನ್ನು ಗುರುತು ಹಿಡಿಯಬೇಕು, ಆಗ ಕರೆಂಟು ಹೋಯಿತು. ಇಡೀ ದೇವದುರ್ಗಕ್ಕೇ ಹೋಯಿತು, ಬೆಳಗಿನವರೆಗೂ ಬರಲಿಲ್ಲ.

"ಅಣ್ಣ ಸಿಕ್ಕನಾ?" ಎಂದು ಕತ್ತಲಲ್ಲೇ ಕೇಳಿದಳು ಯಮನಮ್ಮ.

"ಸಿಕ್ಕಿರ್ತಾನ್ರಿ. ನಡ್ರಿ, ತಂಗಿ ಕಾಯಾಕತ್ತಿರ್ತಾಳ."

"ಸಿಕ್ಕಿರ್ತಾನ ಅಂದ್ರ ಆಗಂಗಿಲ್ಲವ್ವಾ ಈಗ, ನೋಡಬೇಕು!"

ಹೀಗಿರುವಾಗ ಒಂದು ಸಂತೆಯ ಮಧ್ಯಾಹ್ನ ಮಾನ್ವಿಯಲ್ಲಿ ಇಮಾಮಹುಸೇನನ ಜಟಕಾ ಕಾಣಿಸಿತು. ಅವನು ಸುಂಕಪ್ಪನ ಟಾಕೀಸಿನ ಪ್ರಚಾರದವನು, ಮೈಕು ಹಿಡಿದರೆ ಸಂತೆಯ ಎತ್ತುಗಳೂ ಕಿವಿ ನಿಮಿರಿಸುತ್ತಿದ್ದವು. ಅವತ್ತು ಮಾತ್ರ ಅವನ ದನಿ ಯಾರೋ ತೀರಿಕೊಂಡವರ ಮನೆಗೆ ಬಂದವನ ಹಾಗಿತ್ತು. ರಾಯಚೂರಿನಿಂದ ಬರಬೇಕಿದ್ದ ದೊಡ್ಡ ಪಿಚ್ಚರಿನ ಡಬ್ಬಿ ಬಂದಿರಲಿಲ್ಲ, ಅದರ ಬದಲು ಯಾವುದೋ ಸಣ್ಣ ಡಬ್ಬಿ ಬಂದಿತ್ತು.

"ಮಹನೀಯರೇ... ಇಂದು ನಿಮ್ಮ ಮೆಚ್ಚಿನ ಡೇರೆಯಲ್ಲಿ... ಪ್ರಶಸ್ತಿಗೆ ನಿಂತಿರುವ ಚಿತ್ರ, 'ಹೊಸ್ತಿಲು'... ಹಾಡಿಲ್ಲ... ಫೈಟಿಂಗ್ ಇಲ್ಲ... ಆದರೂ ಬನ್ನಿರಿ..."

"ನಿಂತಾದಂದ್ರ? ಗೆದ್ದಾದೋ, ಸೋತಾದೋ?" ಎಂದು ಯಾರೋ ಕೂಗಿದರು.

"ಎಲೆಕ್ಷನ್ ಅದ ಅಂತ ತಿಳ್ಕೋರಿ ಮಾಮಾ. ಈಗ ಚೀಟಿ ಹಾಕ್ಯಾರ, ಎಣಿಸಿಲ್ಲ!"

ಬಳೆ ಮಾರುವ ಬಡೇಬೀಯ ಬುಟ್ಟಿಯ ಹತ್ತಿರ ಕೂತಿದ್ದ ಯಮನಮ್ಮ ಎದ್ದು ಬಂದು ಜಟಕಾದ ಗಾಲಿ ಹಿಡಿದಳು. "ಇಮಾಮಾ, ಎಷ್ಟು ಹೊತ್ತಿನ ಪಿಚ್ಚರ ಇದು?"

ಇಮಾಮಹುಸೇನ ನಾಚಿಕೊಂಡ. ಮೈಕನ್ನು ಎದೆಗೆ ಒತ್ತಿಕೊಂಡು, ಮನೆಯ ಗುಟ್ಟು ಹೇಳುವವನಂತೆ ಅಂದ: "ಯಾರಿಗೂ ಹೇಳಬ್ಯಾಡಕ್ಕಾ. ಬರೇ ಒಂದೂವರಿ ತಾಸು."

ಒಂದೂವರೆ ತಾಸು! ಆರೂವರೆಗೆ ಶುರುವಾದರೆ ಎಂಟಕ್ಕೆ ಪೂರಾ! ಯಮನಮ್ಮ ನಡುಸಂತೆಯಲ್ಲಿ ಬಡೇಬೀಯ ಎರಡೂ ಕೈ ಹಿಡಿದು ಒಂದು ಸುತ್ತು ತಿರುಗಿಸಿಬಿಟ್ಟಳು.

"ಅರೇ, ದಿವಾನಿ! ಬಳಿ ಒಡೀತಾವ, ಬಿಡು!" ಎಂದಳು ಬಡೇಬೀ.

ಡೇರೆಯಲ್ಲಿ ಅವತ್ತು ಜನ ಕಡಿಮೆ, ಆಟ ಶುರುವಾಗುವುದೂ ಒಂದೆರಡು ನಿಮಿಷ ತಡವಾಯಿತು. ಹೆಂಗಸರ ಕಡೆ ಯಮನಮ್ಮ, ಪಾರ್ವತೆಮ್ಮ, ಅಯ್ಯಮ್ಮ, ಬಡೇಬೀ, ಇನ್ನು ನಾಲ್ಕಾರು ಮಂದಿ. ಶುರುವಿಗೆ ಗಂಡಸರ ಕಡೆಯಿಂದ ಶಿಳ್ಳೆ, "ಹಾಡು ಹಾಕ್ರೋ" ಎಂಬ ಕೂಗು. ಪರದೆಯ ಮೇಲೆ ಒಬ್ಬ ಸೂಲಗಿತ್ತಿ, ಊರ ಹೊರಗಿನ ಕೇರಿಯವಳು. ಅರ್ಧ ಊರಿನ ಕೂಸುಗಳನ್ನು ಆಕೆಯೇ ಹಿಡಿದವಳು, ಆದರೆ ಗೌಡರ ಮನೆಯ ಮುಂಬಾಗಿಲು ಯಾವತ್ತೂ ದಾಟಿದವಳಲ್ಲ. ಹಿತ್ತಲಿಂದ ಹೋಗಿ, ಕೆಲಸ ಮುಗಿಸಿ, ಹಿತ್ತಲಿಂದಲೇ ಬರಬೇಕು. ಆಕೆಯ ಕಾಲುಗಳು, ಹೊಸ್ತಿಲು, ಮತ್ತೆ ಕಾಲುಗಳು. ಮಾತು ಕಡಿಮೆ. ಸ್ವಲ್ಪ ಹೊತ್ತಿಗೆ ಶಿಳ್ಳೆ ತಾನಾಗಿಯೇ ನಿಂತಿತು. ಯಮನಮ್ಮ ಬಾಯಲ್ಲಿಟ್ಟ ಅಡಿಕೆ ಅಗಿಯುವುದನ್ನೇ ಮರೆತಿದ್ದಳು. ಗದ್ದೆಯ ಕೆಲಸಕ್ಕೆ ಹೋದ ಎಷ್ಟೋ ಮನೆಗಳಲ್ಲಿ ಆಕೆಗೂ ಗೊತ್ತಿದ್ದದ್ದು ಹಿತ್ತಲೇ!

ಗೌಡರ ಸೊಸೆಗೆ ನೋವು ಶುರುವಾಯಿತು. ಕರೆಯಲು ಬಂದರು. ಸೂಲಗಿತ್ತಿ ಬಂದಳು, ಹಿತ್ತಲಿಗೆ ಹೋಗಲಿಲ್ಲ, ಮುಂಬಾಗಿಲ ಮುಂದೆ ನಿಂತಳು. "ಇಲ್ಲಿಂದ ಕರೀರಿ, ಬರ್ತೀನಿ," ಅಂದಳು. ಒಳಗೆ ಹೆಣ್ಣು ಚೀರುತ್ತಿದೆ. ಗೌಡ ಬಾಗಿಲಿಗೆ ಅಡ್ಡ ನಿಂತಿದ್ದಾನೆ.

ಪೋಂ... ಪೋಂ...

ಖಾಜಾನ ಕೈ ತನ್ನ ಪಾಡಿಗೆ ತಾನು ಕೆಲಸ ಮಾಡಿತು. ರೀಲು ನಿಂತಿತು, ಲೈಟು ಹತ್ತಿತು, ಇಂಟರ್ವಲ್!

"ಇಮಾಮಾ! ಒಂದೂವರಿ ತಾಸು ಅಂದಿದ್ದಿ!" ಯಮನಮ್ಮನ ಕೂಗಿಗೆ ಡೇರೆಯ ಬಟ್ಟೆಯೇ ನಡುಗಿತು.

ಹಿರೇಕೊಟ್ನೆಕಲ್ಲಿನವರು ಅಭ್ಯಾಸದಂತೆ ಎದ್ದು ಹೊರಟರು. ಅಯ್ಯಮ್ಮ ಸೆರಗು ಎಳೆದಳು. "ಏಳ ಬೇ, ಬಸ್ಸು ಹೊಂಟತಿ. ಇದ್ದದ್ದ ಅದ ನಿನ್ನ ಹಣೇಬಾರ."

ಮನೆಯಲ್ಲಿ ಮಕ್ಕಳು, ಎಮ್ಮೆ, ಎಮ್ಮೆಗಿಂತ ಜೋರಿನ ಅತ್ತೆ. ಬೆಳಿಗ್ಗೆ ನಾಟಿಗೆ ಹೋಗದಿದ್ದರೆ ವಿರೂಪಣ್ಣ ಆಕೆಯ ಸಾಲು ಇನ್ನೊಬ್ಬಳಿಗೆ ಕೊಡುತ್ತಾನೆ. ಯಮನಮ್ಮ ಎದ್ದಳು. ಪರದೆ ಬೆಳ್ಳಗೆ ಖಾಲಿಯಾಗಿತ್ತು. ಕೂತಳು.

"ನಾ ಬರಂಗಿಲ್ಲ, ಹೋಗು. ಆಕಿ ಅಲ್ಲಿ ಬಾಗಿಲ ಮುಂದ ನಿಂತಾಳ. ಆಕೀನ ಅಲ್ಲೇ ನಿಲ್ಲಿಸಿ ನಾ ಹೆಂಗ ಬಸ್ ಹತ್ಲಿ?"

ಬಡೇಬೀ ಬುಟ್ಟಿ ತಲೆಗೇರಿಸಿಕೊಂಡಳು. "ನೀ ನೋಡವಾ. ನಾ ಬಸ್ಸಿನ ಮೆಟ್ಟಿಲ ಮ್ಯಾಲೆ ಬುಟ್ಟಿ ಇಟ್ಕೊಂಡು ಕೂಡ್ತೀನಿ. ಆ ವೆಂಕೋಬ ಹೆಂಗ ಬಿಡ್ತಾನ ನೋಡ್ತೀನಿ." ಪಾರ್ವತೆಮ್ಮ ಯಮನಮ್ಮನ ಪಕ್ಕಕ್ಕೆ ಸರಿದು ಕೂತಳು.

ಉಳಿದವರು ಬಿಸಿ ಮಿರ್ಚಿ, ಚಹಾ ತಗೊಂಡು ಉಫ್ ಉಫ್ ಎಂದು ಊದುತ್ತ ಒಳಗೆ ಬಂದರು, ಇನ್ನೊಂದೂವರೆ ತಾಸಿಗೆ ಕಾಲು ಚಾಚಿದರು. ಲೈಟು ಆರಿತು. ಗೌಡ ಬಾಗಿಲಿನಿಂದ ಒಂದು ಹೆಜ್ಜೆ ಸರಿದ. ಪೂರಾ ಅಲ್ಲ, ಒಂದೇ ಹೆಜ್ಜೆ. ಸೂಲಗಿತ್ತಿ ಅವನನ್ನು ನೋಡಿದಳು. ಹೊಸ್ತಿಲನ್ನು ನೋಡಿದಳು. ಕಾಲು ಎತ್ತಿದಳು. ಕಾಲು ಗಾಳಿಯಲ್ಲಿರುವಾಗಲೇ ಪರದೆ ಕಪ್ಪಾಗಿ ಹೆಸರುಗಳು ಮೇಲೇರತೊಡಗಿದವು.

ಮಿರ್ಚಿ ಇನ್ನೂ ಆರಿರಲಿಲ್ಲ!

"ಏ ಖಾಜಾ, ರೀಲ್ ಹರೀತೇನೋ!"

"ಹರಿದಿಲ್ರಿ. ಮುಗೀತ್ರಿ."

"ಮುಗೀತಂದ್ರ? ಇಂಟರ್ವಲ್‌ಕ್ಕಿಂತ ಉಳಿದ ಪಿಚ್ಚರ ಸಣ್ಣದೈತಲ್ಲೋ! ಸುಂಕಪ್ಪನ್ನ ಕರೀರಿ!"

ಸುಂಕಪ್ಪ ಬಂದು ಕೈಮುಗಿದ, ಬೈಸಿಕೊಂಡ, ಕೊನೆಗೆ ಹಳೆಯ ಪಿಚ್ಚರಿನ ಡ್ಯಾನ್ಸಿನ ರೀಲು ಹಾಕಿಸಿ ಬಚಾವಾದ. ಇಷ್ಟರಲ್ಲಿ ಯಮನಮ್ಮ ಪಾರ್ವತೆಮ್ಮನ ಭುಜ ಅಲುಗಾಡಿಸುತ್ತಿದ್ದಳು. "ಮುಗೀತಂತಾನ! ಕೇಳಿದೇನ? ಪೂರಾ ನೋಡಿದ್ನಲ್ಲ ನಾ?"

"ಪೂರಾ ನೋಡಿದ್ರಿ ಅತ್ತಿ. ಈಗ ಓಡ್ರಿ!"

ಬಸ್ಸಿನ ಮೆಟ್ಟಿಲ ಮೇಲೆ ಬಡೇಬೀ ಬುಟ್ಟಿ ಹರಡಿಕೊಂಡು ಕೂತು, ವೆಂಕೋಬನ ಹೆಂಡತಿಯ ಕೈಯಳತೆ ವಿಚಾರಿಸುತ್ತಿದ್ದಳು. ಇಬ್ಬರೂ ಆಕೆಯನ್ನು ದಾಟಿಕೊಂಡು ಒಳಗೆ ಬಿದ್ದರು.

ಮರುದಿನ ಗದ್ದೆಯಲ್ಲಿ ಮೊದಲ ಸಾಲು ಹಿಡಿಯುವ ಮುಂಚೆಯೇ ಸುತ್ತ ಜನ. ಯಮನಮ್ಮ ಹೇಳಿದಳು. ಕಾಲು, ಹೊಸ್ತಿಲು, ಹಿತ್ತಲು, ಗೌಡ. ಒಂದು ಮಾತು ಹೆಚ್ಚಿಲ್ಲ, ಎಮ್ಮೆ ಇಲ್ಲ, ಪೊಲೀಸರಿಲ್ಲ. ಹೆಂಗಸರ ಕೈಯಲ್ಲಿ ಸಸಿ ಹಾಗೇ ನಿಂತಿತ್ತು. "ಕಾಲು ಎತ್ತಿದ್ಲು. ಅಷ್ಟ. ಮುಗೀತು."

"ಏನ್ ಮುಗೀತು?" ಅಯ್ಯಮ್ಮ ಕಣ್ಣರಳಿಸಿದಳು. "ನಾವೆಲ್ಲ ಬಸ್ಸಿನಾಗ ಕುಂತು ಎಲಿ ಹಾಕ್ಕೊಳ್ಳೂದ್ರಾಗ ನೀ ಓಡಿ ಬಂದಿ. ಅಷ್ಟ್ರಾಗ ಅರ್ಧ ಪಿಚ್ಚರ ನೋಡಿದ್ಯಾ? ಕೇಳ್ರೆವ್ವಾ ಈಕಿ ಸುಳ್ಳ! ಮೊದಲಾದ್ರ ಚಂದಾಗಿ ಸುಳ್ಳ ಹೇಳ್ತಿದ್ಲು, ಈಗ ಅದೂ ಬರವಲ್ದು!"

ಎಲ್ಲರೂ ನಕ್ಕರು. ಯಮನಮ್ಮನ ಕಣ್ಣಲ್ಲಿ ನೀರೇ ಬಂತು. ಜೀವಮಾನದಲ್ಲಿ ಮೊದಲ ಸಲ ಇದ್ದದ್ದು ಇದ್ದಂತೆ ಹೇಳಿದ್ದಾಳೆ, ನಂಬುವವರಿಲ್ಲ!

"ಸುಳ್ಳಲ್ರಿ," ಅಂದಳು ಪಾರ್ವತೆಮ್ಮ. ಆಕೆಯ ದನಿಗೆ ನಗು ನಿಂತಿತು. "ನಾ ಬಾಜೂಕ ಕುಂತಿದ್ದೆ. ನನ್ನ ತವರಿನಾಣಿ, ಪಿಚ್ಚರ ಅಷ್ಟ ಇತ್ತು. ಅತ್ತಿ ಹೇಳಿದ್ದು ಒಂದು ಮಾತು ಹೆಚ್ಚಿಲ್ಲ, ಒಂದು ಮಾತು ಕಡಿಮಿ ಇಲ್ಲ."

ಅಯ್ಯಮ್ಮ ಒಂದು ಹೆಜ್ಜೆ ಹತ್ತಿರ ಬಂದಳು. "ಹಂಗಾದ್ರ... ಒಳಗ ಆ ಹುಡುಗಿ?"

"ಗೊತ್ತಿಲ್ಲ."

"ಸೂಲಗಿತ್ತಿ ಒಳಗ ಹೋದ್ಲೋ ಇಲ್ಲೋ?"

"ಗೊತ್ತಿಲ್ಲಬೇ. ಅವರು ತೋರಿಸಿಲ್ಲ."

"ತೋರಿಸಿಲ್ಲಂದ್ರ ಹೆಂಗ! ಇದಕ್ಕ ಪ್ರಶಸ್ತಿ ಬ್ಯಾರೆ!"

ಗದ್ದೆ ಎರಡು ಪಾಲಾಯಿತು. ಹೋಗಬೇಕು, ಒಳಗೆ ಒಂದು ಜೀವ ಒದ್ದಾಡುತ್ತಿದೆ ಎಂದು ಕೆಲವರು. ಹೋಗಬಾರದು, ಗೌಡ ಪೂರಾ ಸರಿಯಲಿ ಎಂದು ಉಳಿದವರು. ವಿರೂಪಣ್ಣ ಬದುವಿನ ಮೇಲಿಂದ ಬೈಯಲು ಬಂದವನು, "ಅರ್ಧ ಸರಿದ್ರ ಸಾಲದೇನು?" ಎಂದು ಕೇಳಿ ಎರಡೂ ಕಡೆಯಿಂದ ಬೈಸಿಕೊಂಡ. ಈ ಗದ್ದಲದಲ್ಲಿ ಪಾರ್ವತೆಮ್ಮ ಕೆಸರಲ್ಲಿ ಕಾಲೆಳೆಯುತ್ತ ಯಮನಮ್ಮನ ಹತ್ತಿರ ಬಂದಳು. ಇಡೀ ರಾತ್ರಿ ಆಕೆಗೂ ಆ ಎತ್ತಿದ ಕಾಲು ಕಣ್ಣ ಮುಂದೆಯೇ ಇತ್ತು.

"ಅತ್ತಿ, ನಿಮ್ಮ ಪಂಥ ನೋಡಿದ್ದು ಹೇಳಿದಲ್ಲಿಗೇ ಮುಗೀತ್ರಿ. ಮುಂದಿಂದು ಈಗ ನೀವ ಹೇಳ್ರಿ."

"ಮಾಡಿದ್ದಾ?"

"ಮಾಡಿದ್ದ ಹೇಳ್ರಿ."

ಯಮನಮ್ಮ ಮೂಗು ಒರೆಸಿಕೊಂಡಳು. ಸಸಿಕಟ್ಟು ಎಡಗೈಗೆ ಬಂತು. ಬಗ್ಗಿದಳು, ಸುತ್ತಲಿನವರೂ ಬಗ್ಗಿದರು.

"ಎತ್ತಿದ ಕಾಲು ಹಿಂದಕ್ಕ ಇಟ್ಲು. 'ಗೌಡಾ, ನಾ ಒಳಗ ಬರಂಗಿಲ್ಲ, ಹಿತ್ತಲಕ್ಕೂ ಹೋಗಂಗಿಲ್ಲ. ಬಾಗಿಲ ಕಿತ್ತು ಕೊಡು' ಅಂದ್ಲು. 'ಬಾಗಿಲ ಕೀಳೂದಾ?' 'ಹೂಂ, ಕೀಳು. ಅದರ ಮ್ಯಾಲ ನಿನ್ನ ಸೊಸೀನ ಮಲಗಿಸಿ ಅಂಗಳಕ್ಕ ತಾ. ನಮ್ಮ ಕೇರಿ ಹೆಂಗಸ್ರು ಸುತ್ತ ಸೀರಿ ಹಿಡೀತಾರ.' ಒಳಗ ಮತ್ತ ಚೀರಿದ್ಲು ನೋಡು, ಗೌಡನ ಕೈ ತಾನ ಬಾಗಿಲಿಗೆ ಹೋತು..."

"ಕೂಸು? ಅತ್ತಿ, ಕೂಸು?" ಪಾರ್ವತೆಮ್ಮ ನಾಟಿ ಹಚ್ಚುವುದನ್ನೇ ಬಿಟ್ಟಿದ್ದಳು.

"ಏ ರಾಯಚೂರಾಕಿ, ನಿನ್ನ ಸಾಲು ಹಿಂದ ಬಿತ್ತು! ಕೈ ಆಡಿಸು, ಹೇಳ್ತೀನಿ. ಬಾಗಿಲ ಇನ್ನೂ ಕೀಳಾಕತ್ತಾರ!"